ಯಾರದ್ದೂ ಅಲ್ಲದ ನೆಲ

ಬೂತಾಯಿ ಡಬ್ಬಿಯ ಮುಚ್ಚಳ.
ಪೆನಿಶ್ ಬಂದರಿನ ಕಾರ್ಖಾನೆಯಲ್ಲಿ ಮೂವತ್ತು ವರ್ಷ
ಅಂಥ ಲಕ್ಷ ಮುಚ್ಚಳ ಒತ್ತಿದವಳು ಗ್ರಸಿಯೆತ್,
ನಿವೃತ್ತಿಯ ಮೂರನೇ ತಿಂಗಳು
ತನ್ನ ಅಡುಗೆಮನೆಯಲ್ಲಿ ಬೆಕ್ಕಿಗೆಂದು ಒಂದು ತೆರೆದಳು.

ರಕ್ತ ಹೆಚ್ಚಿರಲಿಲ್ಲವಂತೆ. ಬೆಕ್ಕು ತಿಂದು ಮುಗಿಸಿತು.
ಮುಷ್ಟಿ ಕಟ್ಟಲು ಹೋದರೆ ಎಲ್ಲ ಮಡಿದವು,
ಎಡಗೈಯ ಅನಾಮಿಕೆಯೊಂದು
ಪಾಠ ಒಪ್ಪಿಸಲು ಬಾರದ ಹುಡುಗನಂತೆ
ನೆಟ್ಟಗೆ ನಿಂತಿತು.

"ನರ ಹೋಯಿತು" ಅಂದಳು ಬಂದವಳೇ.
ನರವಲ್ಲ; ಎಲ್ಲರೂ ಹಾಗೇ ಅನ್ನುತ್ತಾರೆ,
ನಾನೂ ತಿದ್ದುವುದಿಲ್ಲ.
ಮುಂಗೈಯ ಮಾಂಸದಿಂದ ಹೊರಟ ಬಿಳಿ ಹಗ್ಗ ಅದು,
ಬೆರಳ ತುದಿಯ ಮೂಳೆಗೆ ಕಟ್ಟಿಕೊಂಡದ್ದು.
ದಾರಿಯಲ್ಲಿ ಐದು ಉಂಗುರ,
ಯಾವ ಅಕ್ಕಸಾಲಿಯೂ ಬಡಿಯದ್ದು,
ಹಗ್ಗವನ್ನು ಮೂಳೆಗೆ ಒತ್ತಿ ಹಿಡಿವ ರಾಟೆಗಳು.
ಗಂಡ ಸತ್ತ ವರ್ಷ ಹೊರಗಿನದ ತೆಗೆದಿಟ್ಟಿದ್ದಳು;
ಒಳಗಿನವು ಇವೆಯೆಂದೇ ತಿಳಿದಿರಲಿಲ್ಲ.

ಹಳೆಯ ಶಸ್ತ್ರವೈದ್ಯರು ಆ ಇಕ್ಕಟ್ಟನ್ನು
ಯಾರದ್ದೂ ಅಲ್ಲದ ನೆಲ ಎಂದು ಕರೆದು
ಹೊಲಿದರೆ ಕೆಡುತ್ತದೆಂದು ಕೈ ಹಾಕುತ್ತಿರಲಿಲ್ಲ.
ಹೆಸರಿಲ್ಲದ ಬೆರಳು, ಒಡೆಯನಿಲ್ಲದ ನೆಲ,
ಚೀಟಿಯಲ್ಲಿ ಮಾತ್ರ ಎರಡಕ್ಕೂ ಒಂದೊಂದು ನಂಬರು.

ಪ್ರಜ್ಞೆ ತಪ್ಪಿಸಲಿಲ್ಲ. ಸೂಜಿಮದ್ದಿಗೆ ಬೆರಳು
ಸುಣ್ಣದಂತೆ ಬಿಳಿಚುವವರೆಗೆ ಅರ್ಧ ಗಂಟೆ
ಗಾಳಿ, ಬೆಕ್ಕು, ಮೀನಿನ ದರ.
ಆಮೇಲೆ ಡಾಕ್ಟರ್ ಅಬಿಲಿಯು
ಅಂಗೈಯೊಳಗೆ ಜಾರಿ ಅಡಗಿದ್ದ ತುದಿಯನ್ನು
ಬಾವಿಗೆ ಬಿದ್ದ ಹಗ್ಗದಂತೆ ತಡಕಿ ಮೇಲೆಳೆದ.
"ನಾನು ನೋಡಬೇಕು" ಅಂದಳು.
ಪರದೆ ಸರಿಸಿದೆ. ನಾನು ಪಟ್ಟಿ ಕಟ್ಟುವವಳು,
ನಾಳೆಯಿಂದ ಆ ಬೆರಳು ನನ್ನ ಪಾಲು.

ಅವಳಿಗೆ ಇನ್ನೊಂದು ಕಸುಬು, ತಾಯಿಯಿಂದ ಬಂದದ್ದು:
ದಿಂಬಿನ ಮೇಲೆ ಗುಂಡುಸೂಜಿ ನೆಟ್ಟು
ನಲವತ್ತು ಜೊತೆ ಮರದ ಕಡ್ಡಿ ಕಟಕಟಿಸಿ
ನೂಲು ದಾಟಿಸಿ ನೂಲು ತಿರುವಿ
ಲೇಸು ಹೆಣೆಯುತ್ತಾಳೆ.
ಡಾಕ್ಟರನ ದಾರವನ್ನು ಆ ಕಣ್ಣಲ್ಲೇ ನೋಡಿದಳು.
"ಗಂಟು ದಪ್ಪವಾಯಿತು."

ಸೂಜಿ ನಿಂತಿತು. "ಮಡಿಸಿ" ಅಂದ. ಮಡಿಸಿದಳು.
ಕಣ್ಣೆದುರೇ ಹಗ್ಗ ಜರುಗಿ, ಜರುಗಿ,
ಉಂಗುರದ ಬಾಯಲ್ಲಿ ಸಿಕ್ಕಿಕೊಂಡಿತು.
"ನಮ್ಮ ದೋಣಿಯಲ್ಲೂ ಹೀಗೇ. ಬಲೆಹಗ್ಗಕ್ಕೆ ತೇಪೆ ಬಿದ್ದರೆ
ರಾಟೆ ನುಂಗುತ್ತಿರಲಿಲ್ಲ.
ನಮ್ಮವರು ಅದರ ಕೆನ್ನೆ ಸ್ವಲ್ಪ ಹೆರೆಯುತ್ತಿದ್ದರು."
ಡಾಕ್ಟರ್ ಏನೂ ಅನ್ನದೆ
ಉಂಗುರದ ಅಂಚನ್ನು ಕೊಂಚ ಸೀಳಿದ.
ಹಗ್ಗ ಹೋಯಿತು, ಬಂತು,
ಬಂಡೆಸಂದಿಯ ಹಾವುಮೀನಿನಂತೆ.

ಹೆಚ್ಚು ಸೀಳಬಾರದು. ನೋಡಿದ್ದೇನೆ:
ಸಿಂತ್ರದ ಬಂಡೆ ಹತ್ತುವ ಹುಡುಗ,
ಎರಡು ಬೆರಳ ಮೇಲೆ ಮೈಯೆಲ್ಲ ಹೊತ್ತಾಗ
ಪಟ್ ಎಂದದ್ದು ಕೆಳಗೆ ಹಗ್ಗ ಹಿಡಿದವಳಿಗೂ ಕೇಳಿಸಿತಂತೆ.
ಉಂಗುರ ಹರಿದರೆ ಹಗ್ಗ ಮೂಳೆ ಬಿಟ್ಟು
ಹೆದೆಯಂತೆ ಚರ್ಮದಡಿ ಎದ್ದು ನಿಲ್ಲುತ್ತದೆ.
ಎಳೆದರೆ ಬೆರಳಿಗೆ ಸುದ್ದಿ ಮುಟ್ಟುವುದೇ ಇಲ್ಲ.

ಆಡಿಸದಿದ್ದರೆ ಅಂಟುತ್ತದೆ, ಆಡಿಸಿದರೆ ಹರಿಯುತ್ತದೆ;
ನನ್ನ ವಿದ್ಯೆಯೆಲ್ಲ ಇವೆರಡರ ನಡುವಿನ ಓಣಿಯಲ್ಲಿ.
ಗಂಟೆಗೆ ಹತ್ತು ಸಲ, ಅರ್ಧ ಮುಷ್ಟಿ.
ಲೋಟ ಎತ್ತಬೇಡಿ. ಬೆಕ್ಕು ಎತ್ತಬೇಡಿ.
"ಬೆಕ್ಕೇ ಬಂದು ಕೈಮೇಲೆ ಕೂತರೆ?"
ಕಲಿತ ಪುಸ್ತಕದಲ್ಲಿ ಉತ್ತರವಿರಲಿಲ್ಲ.
ನಾಲ್ಕನೇ ವಾರ ಅತ್ತಳು, ನೋವಿಗಲ್ಲ,
ದಿಂಬಿನ ಮೇಲೆ ಧೂಳು ಕೂತದ್ದಕ್ಕೆ.

ಹನ್ನೆರಡನೇ ವಾರ ಅಳೆದೆ. ತುದಿಗೂ ಅಂಗೈಗೂ ನಡುವೆ
ಒಂದು ಕಡ್ಡಿಯ ದಪ್ಪ ಉಳಿದೇ ಇತ್ತು.
ಪೂರ್ತಿ ಲೇಸಾಗಲಿಲ್ಲ ಎಂದು ಬರೆಯುತ್ತಿದ್ದೆ;
ಅವಳು ಚೀಲದಿಂದ ಒಂದು ಕಡ್ಡಿ ತೆಗೆದು
ಆ ಸಂದಿಗೆ ತುರುಕಿದಳು. ಜಾರಿ ನೆಲಕ್ಕೆ ಬಿತ್ತು.
ಬಗ್ಗಿ ಹೆಕ್ಕಿ ಮತ್ತೆ ಇಟ್ಟಳು.
ಅನಾಮಿಕೆ ಹಿಡಿದುಕೊಂಡಿತು.

"ಅಷ್ಟು ಜಾಗ ಬೇಕಲ್ಲ" ಅಂದಳು,
ಮೂರೂವರೆಯ ಬಸ್ಸು ಹೋಯಿತೇ ಎಂದು ಕೇಳಿದಳು.